ಮೂಗಿನ ಮೇಲಿನ ಪುಡಿ ಮತ್ತು ನಾಲ್ಕನೆಯ ಶೀಲ



ಇಂದಿನ ಚಿಂತನೆ ಬರೆಯುವ ಪಾಳಿ ನನ್ನದು. ಹೋದ ತಿಂಗಳು ಭಾನುವಾರದ ವಂದನೆಯ ನಂತರ ನಾನು ಆಡಿದ ಒಂದು ಮಾತಿನ ಬಗ್ಗೆ ಬರೆಯುತ್ತಿದ್ದೇನೆ. ಆ ದಿನ ಬಂದಿದ್ದವರಿಗೆ ನೆನಪಿರಬೇಕು. ಸುಳ್ಳು ಹೇಳಬಾರದೆಂಬ ನಾಲ್ಕನೆಯ ಶೀಲದ ಮೇಲೆ ಚರ್ಚೆ ನಡೆದಿತ್ತು. ನನ್ನ ತಂಗಿಯ ಮಗಳು ಎದ್ದು ನಿಂತು ಕೇಳಿದಳು: "ದೊಡ್ಡವ್ವಾ, ಅಗಲ ಮೂಗಿಗೆ ಪೌಡರ್ ಹಚ್ಚಿ ಸಣ್ಣದು ಕಾಣೂಹಂಗ ಮಾಡ್ತೀನಿ. ಅದು ಸುಳ್ಳು ಹೇಳಿದಂಗ ಆಗ್ತೈತೇನು?"

ಎಲ್ಲರೂ ನಕ್ಕರು. ನಾನೂ ನಕ್ಕೆ. "ಇಲ್ಲದ್ದನ್ನ ಇದ್ದಂಗ ತೋರಿಸಿದ್ರ ಮತ್ತೇನವ್ವಾ, ಸುಳ್ಳ" ಅಂದುಬಿಟ್ಟೆ. 31 ವರ್ಷ ಶಾಲೆಯಲ್ಲಿ ಪಾಠ ಹೇಳಿದವಳು ನಾನು. ಪ್ರಶ್ನೆ ಬಂದ ಕೂಡಲೇ ಉತ್ತರ ಕೊಡುವ ಚಟ ನಿವೃತ್ತಿಯಾದರೂ ಹೋಗಿಲ್ಲ.

ಮುಂದಿನ ಎರಡು ಭಾನುವಾರ ಆಕೆ ಬರಲಿಲ್ಲ. ತಂಗಿ ಫೋನು ಮಾಡಿ, "ಅಕ್ಕಾ, ಆಕಿ ದುಡದದ್ದರಾಗ ತಮ್ಮನ ಫೀ ಕಟ್ಟಾಕತ್ತಾಳ. ಅಷ್ಟು ಮಂದಿ ಮುಂದ ಆಕಿ ಕೆಲಸಕ್ಕ ಸುಳ್ಳು ಅಂದಿ ನೀ" ಎಂದಳು. ನನಗೆ ಮಾತು ಹೊರಡಲಿಲ್ಲ. ಸಮ್ಯಕ್ ಆಜೀವದ ಬಗ್ಗೆ ಎಷ್ಟೋ ಸಲ ಮಾತಾಡಿದ್ದೇನೆ. ಆದರೆ ಒಬ್ಬಳ ಜೀವನೋಪಾಯದ ಮೇಲೆ ತೀರ್ಪು ಕೊಡುವಾಗ ಆ ಕೆಲಸ ಹೇಗಿರುತ್ತದೆ ಎಂದು ಒಮ್ಮೆಯೂ ಕಣ್ಣಿಂದ ನೋಡಿರಲಿಲ್ಲ. ಹಾಗಾಗಿ ನೋಡಲು ಹೋದೆ.

ಕೇಶ್ವಾಪುರದಲ್ಲಿ ಅಂಗಡಿಯೊಂದರ ಮಾಳಿಗೆಯ ಮೇಲೆ ಆಕೆಯ ಒಂದು ಕೋಣೆ. ದೊಡ್ಡ ಕನ್ನಡಿ, ಸುತ್ತ ಬಲ್ಬು, ಒಂದು ಎತ್ತರದ ಕುರ್ಚಿ. ನಾನು ಮೂಲೆಯಲ್ಲಿ ಕೂತೆ. ಆಕೆ ಸಿಟ್ಟು ಇಟ್ಟುಕೊಳ್ಳುವ ಹುಡುಗಿಯಲ್ಲ. ಚಹಾ ಕೊಟ್ಟು, ತನ್ನ ಕೈಯ ಮೇಲೆಯೇ ಪುಡಿ ಹಚ್ಚಿ ತಿಳಿಸಿದಳು. ಇದಕ್ಕೆ ಕಾಂಟೂರಿಂಗ್ ಅನ್ನುತ್ತಾರೆ. ಮುಖದ ಬಣ್ಣಕ್ಕಿಂತ ಒಂದೆರಡು ಶೇಡ್ ಗಾಢವಾದ, ಹೊಳಪಿಲ್ಲದ ಕಂದು ಪುಡಿಯನ್ನು ಗಲ್ಲದ ಎಲುಬಿನ ಕೆಳಗೆ, ದವಡೆಯ ಅಂಚಿಗೆ, ಮೂಗಿನ ಎರಡೂ ಬದಿಗೆ ಸವರುತ್ತಾರೆ. ಮೂಗಿನ ನೆತ್ತಿಗೆ, ಗಲ್ಲದ ಎಲುಬಿನ ಮೇಲಕ್ಕೆ, ಗದ್ದದ ನಡುವಿಗೆ ತಿಳಿಯಾದ, ಮಿನುಗುವ ಪುಡಿ. ಅದು ಹೈಲೈಟರ್. ಕಪ್ಪು ಇದ್ದದ್ದು ಹಿಂದೆ ಸರಿದಂತೆ ಕಾಣುತ್ತದೆ, ಬೆಳಕು ಇದ್ದದ್ದು ಮುಂದೆ ಬಂದಂತೆ. ಅಷ್ಟೇ ಗುಟ್ಟು. ಉಳಿದದ್ದೆಲ್ಲ ಎರಡರ ನಡುವಿನ ಗೆರೆ ಕಾಣದಂತೆ ಬ್ರಶ್ಶಿನಿಂದ ತಿಕ್ಕುವ ಕೆಲಸ, ಅದಕ್ಕೇ ಹೆಚ್ಚು ಹೊತ್ತು ಹಿಡಿಯುತ್ತದೆ. ನಮ್ಮಂಥ ಬಣ್ಣದವರಿಗೆ ಬೆಳ್ಳಗಿನ ಹೈಲೈಟರ್ ಹಚ್ಚಿದರೆ "ಬೂದಿ ಬಳಕೊಂಡಂಗ ಕಾಣ್ತೈತಿ" ಎಂದಳು. ತಾಮ್ರದ ಅಥವಾ ಬಂಗಾರದ ಛಾಯೆಯದು ಬೇಕಂತೆ. ಅದು ಮಿನುಗುವುದು ಅಭ್ರಕದಿಂದ. ಝಾರ್ಖಂಡಿನ ಅಭ್ರಕದ ಗುಂಡಿಗಳಲ್ಲಿ ಮಕ್ಕಳು ಹೆಕ್ಕುವ ಸುದ್ದಿ ಓದಿದ್ದ ನಾನು ಅದನ್ನು ಹೇಳಿದೆ. ಆಕೆಗೆ ಗೊತ್ತಿರಲಿಲ್ಲ. ಡಬ್ಬಿ ತಿರುಗಿಸಿ ನೋಡಿದಳು, ಅದು ಎಲ್ಲಿಂದ ಬಂದದ್ದೆಂದು ಅದರ ಮೇಲೆ ಬರೆದಿರಲಿಲ್ಲ. ಅದೇ ಒಂದು ದೊಡ್ಡ ಪ್ರಶ್ನೆ, ಇನ್ನೊಂದು ದಿನ ತೆಗೆದುಕೊಳ್ಳೋಣ.

ಆಕೆ ಮಾತಾಡುವಾಗ ನನಗೆ ಅಜಂತಾ ನೆನಪಾಯಿತು. ನಮ್ಮ ಬಳಗದಿಂದ ಪ್ರವಾಸ ಹೋದಾಗ ಒಂದನೆಯ ಗುಹೆಯ ಪದ್ಮಪಾಣಿಯ ಮುಂದೆ ಎಷ್ಟು ಹೊತ್ತು ನಿಂತಿದ್ದೆವು! ಆ ಮುಖ ಗೋಡೆಯಿಂದ ಉಬ್ಬಿ ಬಂದಂತೆ ಕಾಣುವುದು ಇದೇ ಉಪಾಯದಿಂದ. ಬದಿಗೆ ನೆರಳು, ಮೂಗು ತುಟಿ ಗದ್ದಗಳ ಮೇಲೆ ಬೆಳಕು. ಆ ಚಿತ್ರಕಾರರು ಕಪ್ಪು ಜನರನ್ನು ಕಪ್ಪಾಗಿಯೇ ಬರೆದು, ಅವರ ಮೇಲೆ ಬೆಳಕು ಬೀಳುವಂತೆ ಮಾಡಿದ್ದಾರೆ.

ಅಷ್ಟರಲ್ಲಿ ತಾಯಿ ಮಗಳು ಇಬ್ಬರು ಬಂದರು. ಮಗಳು ಬಿ.ಎಡ್. ಮುಗಿಸಿದವಳು. ಮದುವೆಯ ಬಯೋಡಾಟಾಕ್ಕೆ ಫೋಟೋ ತೆಗೆಸಬೇಕಿತ್ತು. ತಾಯಿ ಕೂತವರೇ ಹೇಳಿದರು: "ಮೇಡಮ್ಮಾರ, ಮೂಗಷ್ಟು ಸಣ್ಣ ಮಾಡ್ರಿ. ಬಣ್ಣಾನೂ ಒಂದೀಟು ತಿಳಿ ಮಾಡ್ರಿ. ಫೋಟೋ ನೋಡಿದ ಕೂಡ್ಲೆ ನಮ್ಮ ಮಂದಿ ಅಂತ ಗೊತ್ತಾಗಬಾರದು."

ಮಾತಿಗೆ ಮಾತು ಬಂದಾಗ ತಿಳಿದದ್ದೇನೆಂದರೆ, ವರನ ಕಡೆಯವರೂ ನಮ್ಮ ಮಂದಿಯೇ. ಅವರ ಮನೆಯ ಗೋಡೆಯ ಮೇಲೂ ಬುದ್ಧ ಮತ್ತು ಬಾಬಾಸಾಹೇಬರ ಫೋಟೋ ಇದೆ. ಹಾಗಾದರೆ ಯಾರಿಗೆ ಗೊತ್ತಾಗಬಾರದು? ಕನ್ನಡಿಯಲ್ಲಿ ಆ ಹುಡುಗಿ ತನ್ನ ಮೂಗನ್ನೇ ನೋಡುತ್ತ ಕೂತಿದ್ದಳು. ಒಂದು ಮಾತೂ ಆಡಲಿಲ್ಲ.

ಮೂಗಿನಿಂದ ಜಾತಿ ಗುರುತಿಸುವ ಈ ರೋಗ ಆ ತಾಯಿಯದಲ್ಲ. ಅದಕ್ಕೊಂದು ಶಾಸ್ತ್ರವನ್ನೇ ಕಟ್ಟಿದ್ದರು. 1901ರ ಜನಗಣತಿಯ ಕಮಿಷನರ್ ಹರ್ಬರ್ಟ್ ರಿಸ್ಲೆ ಎಂಬ ಇಂಗ್ಲಿಷ್ ಅಧಿಕಾರಿ ಜನರ ಮೂಗಿಗೆ ಅಳತೆ ಕಟ್ಟಿದ. ಮೂಗಿನ ಅಗಲವನ್ನು 100ರಿಂದ ಗುಣಿಸಿ ಉದ್ದದಿಂದ ಭಾಗಿಸಿದರೆ ಬರುವುದು ನಾಸಿಕ ಸೂಚ್ಯಂಕ. 70ರ ಒಳಗಿದ್ದರೆ ಸಣ್ಣ ಮೂಗು, 85 ದಾಟಿದರೆ ಅಗಲ ಮೂಗು. ಮೂಗು ಅಗಲವಾದಷ್ಟೂ ಜಾತಿ ಕೆಳಗೆ ಎನ್ನುವುದು ಅವನ ವಾದ. ಬಾಬಾಸಾಹೇಬರು ಇದನ್ನು ನಕ್ಕು ಬಿಟ್ಟುಬಿಡಲಿಲ್ಲ. 1948ರಲ್ಲಿ ಬಂದ ಅಸ್ಪೃಶ್ಯರ ಮೂಲದ ಬಗೆಗಿನ ತಮ್ಮ ಗ್ರಂಥದಲ್ಲಿ, ಘುರ್ಯೆಯವರು ಕಲೆಹಾಕಿದ್ದ ಅದೇ ಮೂಗಿನ ಅಳತೆಗಳನ್ನು ಮುಂದಿಟ್ಟುಕೊಂಡು, ಪ್ರಾಂತ ಪ್ರಾಂತದ ಬ್ರಾಹ್ಮಣರನ್ನೂ ಅಸ್ಪೃಶ್ಯರನ್ನೂ ಹೋಲಿಸಿ, ಇಬ್ಬರದೂ ಬೇರೆ ಬೇರೆ ಕುಲ ಎಂಬುದಕ್ಕೆ ಈ ಅಂಕಿಗಳಲ್ಲಿ ಆಧಾರವಿಲ್ಲ ಎಂದು ತೋರಿಸಿದರು. ಶತ್ರುವಿನ ಪಟ್ಟಿಯಿಂದಲೇ ಅಳೆದು ಶತ್ರುವಿನ ಲೆಕ್ಕ ತಪ್ಪೆಂದು ತೋರಿಸಿದರು. ಆ ಪುಸ್ತಕ ನಮ್ಮ ಕಪಾಟಿನಲ್ಲಿದೆ. ಆದರೂ ರಿಸ್ಲೆಯ ಪಟ್ಟಿ ನಮ್ಮ ಮನೆಯೊಳಗೇ, ಹೆಣ್ಣು ನೋಡುವ ದಿನ, ಹೊರಗೆ ಬರುತ್ತದೆ. ಬಣ್ಣದ ಮಾತು ಬೇರೆ ಹೇಳಬೇಕಿಲ್ಲ. 1975ರಲ್ಲಿ ಬಂದ ಫೇರ್ ಅಂಡ್ ಲವ್ಲಿ ಟ್ಯೂಬ್ ಯಾರ ಮನೆಯಲ್ಲಿ ಇರಲಿಲ್ಲ? 2020ರಲ್ಲಿ ಹೆಸರಿನಿಂದ 'ಫೇರ್' ತೆಗೆದು 'ಗ್ಲೋ' ಹಾಕಿದರು. ನಮ್ಮ ನಾಲಿಗೆಯಿಂದ ತೆಗೆಯುವವರು ಯಾರು?

ಈಗ ನನ್ನದೊಂದು ಒಪ್ಪಿಗೆ. ನನ್ನ ಮದುವೆಗೆ ಮುಂಚೆ ಹುಬ್ಬಳ್ಳಿಯ ಒಂದು ಸ್ಟುಡಿಯೋದಲ್ಲಿ ಫೋಟೋ ತೆಗೆಸಿದ್ದರು. ಆಗ ಪೌಡರಿನ ಈ ವಿದ್ಯೆ ನಮ್ಮ ಕಡೆ ಇರಲಿಲ್ಲ. ಸ್ಟುಡಿಯೋದವರು ನೆಗೆಟಿವ್ ಮೇಲೆ ಚೂಪು ಪೆನ್ಸಿಲಿನಿಂದ ತಿದ್ದುತ್ತಿದ್ದರು. ನೆಗೆಟಿವ್‌ನಲ್ಲಿ ಪೆನ್ಸಿಲ್ ಬಿದ್ದ ಜಾಗ ಪ್ರಿಂಟಿನಲ್ಲಿ ಬೆಳ್ಳಗೆ ಬರುತ್ತಿತ್ತು. ನಾನೂ ಬೆಳ್ಳಗೆ ಬಂದೆ. ಮದುವೆಯಾಗಿ ಮನೆ ತುಂಬಿದ ದಿನ ಗಂಡನ ಕಡೆಯ ಹಿರಿಯಳೊಬ್ಬಳು "ಫೋಟೋದಾಗಿನಾಕಿ ಬ್ಯಾರೆ, ಬಂದಾಕಿ ಬ್ಯಾರೆ" ಎಂದಳು. ಇವರು ನನ್ನನ್ನು ಒಂದು ದಿನವೂ ಹಾಗೆ ನೋಡಲಿಲ್ಲ, ನಿಜ. ಆದರೆ ಆ ಮಾತು ನಲವತ್ತು ವರ್ಷ ನನ್ನೊಳಗೆ ಉಳಿಯಿತು. ಆ ಸುಳ್ಳನ್ನು ಹೇಳಿದ್ದು ಸ್ಟುಡಿಯೋದವನು, ಹೇಳಿಸಿದ್ದು ನಮ್ಮಪ್ಪ, ಬಯ್ಯಿಸಿಕೊಂಡದ್ದು ನಾನು. ನನ್ನ ತಂಗಿಯ ಮಗಳಿಗೆ ಅಂದು ಅಷ್ಟು ಚುರುಕಾಗಿ "ಸುಳ್ಳ" ಎಂದದ್ದು ಇದರಿಂದಲೇ ಇರಬೇಕು ಎಂದು ಆ ಮೂಲೆಯಲ್ಲಿ ಕೂತಾಗ ಹೊಳೆಯಿತು.

ಶೀಲದ ಲೆಕ್ಕಕ್ಕೆ ಬರೋಣ. ಸುಳ್ಳು ಪೂರ್ಣವಾಗಲು ನಾಲ್ಕು ಸೇರಬೇಕೆಂದು ಅಟ್ಠಕಥೆಯ ಆಚಾರ್ಯರು ಹೇಳುತ್ತಾರೆ. ವಿಷಯ ಅಸತ್ಯವಾಗಿರಬೇಕು, ಮೋಸದ ಚಿತ್ತ ಇರಬೇಕು, ಅದಕ್ಕೆ ಪ್ರಯತ್ನ ನಡೆಯಬೇಕು, ಎದುರಿನವನಿಗೆ ಅದು ಮುಟ್ಟಬೇಕು. ಮದುವೆಯ ಮಂಟಪದಲ್ಲಿ ಮದುಮಗಳ ಮುಖಕ್ಕೆ ಬಣ್ಣವಿದೆ ಎಂದು ಮಗುವಿಗೂ ಗೊತ್ತು. ನಮ್ಮ ಏಣಗಿ ಬಾಳಪ್ಪನವರು ಎಳೆ ಹರೆಯದಲ್ಲಿ ಹೆಣ್ಣು ಪಾರ್ಟು ಮಾಡುವಾಗ ಯಾರೂ ಅವರನ್ನು ಸುಳ್ಳುಗಾರ ಎನ್ನಲಿಲ್ಲ. ಅಲ್ಲಿ ಮೋಸದ ಚಿತ್ತ ಇಲ್ಲ. ಹಾಗಾಗಿ ನಾನು ಅಂದು ಕೊಟ್ಟ ಉತ್ತರ ತಪ್ಪು. ಬಯೋಡಾಟಾದ ಫೋಟೋ ಮಾತ್ರ ಬೇರೆ. ಅಲ್ಲಿ ನೋಡುವವನು ನಂಬಲಿ ಎಂದೇ ಹಚ್ಚುವುದು. ನಾಲ್ಕೂ ಸೇರುತ್ತವೆ. ಆದರೆ ಆ ಚಿತ್ತ ಯಾರದು? ಬ್ರಶ್ ಹಿಡಿದವಳದೋ, ಹಿಡಿಸಿದವಳದೋ, ಇಂಥ ಮೂಗೇ ಬೇಕೆಂದು ಕೇಳಿದವರದೋ? ಬ್ರಶ್ ಹಿಡಿದವಳದು ಏನೂ ಇಲ್ಲ ಎಂದು ನಾನು ಹೇಳಲಾರೆ. ಆದರೆ ಆಕೆಯದೇ ಎಲ್ಲ ಎಂದೂ ಹೇಳಲಾರೆ.

ವಿನಯಪಿಟಕದ ಚುಲ್ಲವಗ್ಗದಲ್ಲಿ ಒಂದು ಸಂಗತಿ ಇದೆ. ಕೆಲವು ಭಿಕ್ಖುಗಳು ಮುಖಕ್ಕೆ ಲೇಪ ಹಚ್ಚಿ, ಪುಡಿ ಸವರಿ, ಮನಶ್ಶಿಲೆಯ ಬಣ್ಣದಿಂದ ಗುರುತು ಹಾಕಿಕೊಳ್ಳುತ್ತಿದ್ದರು. ಜನ ಆಡಿಕೊಂಡರು. ಭಗವಾನರು ಅದನ್ನು ನಿಷೇಧಿಸಿದರು. ಕನ್ನಡಿಯಲ್ಲಿ ಮುಖ ನೋಡಿಕೊಳ್ಳುವುದನ್ನೂ ನಿಷೇಧಿಸಿದರು. ಆದರೆ ರೋಗವಿದ್ದರೆ ಮುಖಕ್ಕೆ ಲೇಪ ಹಚ್ಚಬಹುದು, ಕನ್ನಡಿಯನ್ನೂ ನೋಡಬಹುದು ಎಂದು ಬಿಟ್ಟುಕೊಟ್ಟರು. ಇದು ಭಿಕ್ಖುಗಳ ನಿಯಮ. ನಮಗೆ ಹುಣ್ಣಿಮೆಯ ಅಷ್ಟಶೀಲದ ದಿನ ಮಾತ್ರ ಅಲಂಕಾರ ಬಿಡುವುದು. ರೋಗ ಮುಖದಲ್ಲಿಲ್ಲದೆ ನೋಡುವವರ ಕಣ್ಣಿನಲ್ಲಿದ್ದರೆ ಈ ರಿಯಾಯಿತಿ ಸಲ್ಲುವುದೇ ಎಂದು ಯೋಚಿಸಿದೆ. ಸಲ್ಲುತ್ತದೆ ಎಂದುಬಿಡುವ ಆಸೆ ಆಗುತ್ತದೆ. ಆದರೆ ಹಾಗೆ ಹೊರಟರೆ ಯಾವ ಸುಳ್ಳಿಗೂ ಔಷಧದ ಚೀಟಿ ಸಿಗುತ್ತದೆ. ಔಷಧ ರೋಗ ಇದ್ದಲ್ಲಿಗೆ ಹಚ್ಚಬೇಕಲ್ಲವೇ.

ಹಾಗಂತ ಗುರುತು ಅಳಿಸುವುದೆಲ್ಲ ತಪ್ಪಲ್ಲ. 1927ರ ಡಿಸೆಂಬರಿನಲ್ಲಿ ಮಹಾಡದಲ್ಲಿ ಬಾಬಾಸಾಹೇಬರು ನಮ್ಮ ತಾಯಂದಿರಿಗೆ ಏನು ಹೇಳಿದರು? ಅಸ್ಪೃಶ್ಯರೆಂದು ತೋರಿಸಿಕೊಡುವ ಸೀರೆ ಉಡುವ ರೀತಿ ಬಿಡಿ, ಕೈಕಾಲ ತುಂಬ ಹೇರಿಕೊಂಡ ಕಡಗ ಬಳೆ ಬಿಡಿ ಎಂದರು. ಮರುದಿನವೇ ಹೆಂಗಸರು ಸೀರೆ ಹಿಮ್ಮಡಿಯವರೆಗೆ ಉಟ್ಟು ಬಂದರೆಂದು ಓದಿದ್ದೇವೆ. ಅದು ಮರೆಮಾಚುವುದಾಗಿರಲಿಲ್ಲ. ಆ ಕಡಗ ಬೇರೆಯವರು ಹೊರಿಸಿದ್ದು, ಕಳಚಿ ಇಟ್ಟರು. ಮೂಗು ಯಾರೂ ಹೊರಿಸಿದ್ದಲ್ಲ. ಈ ವ್ಯತ್ಯಾಸವನ್ನು ತಂಗಿಯ ಮಗಳಿಗೆ ಹೇಳಿದಾಗ ಆಕೆ ಒಪ್ಪಲಿಲ್ಲ. "ಸೀರಿ ಉಡೂದು ಬದಲ ಮಾಡಿದ್ರ ಚೊಲೊ, ಮೂಗು ಬದಲ ಮಾಡಿದ್ರ ಕೆಟ್ಟದ್ದು ಅಂದ್ರ, ಯಾವುದು ತನ್ನದು ಯಾವುದು ಹೊರಿಸಿದ್ದು ಅಂತ ಆ ಹುಡುಗಿನ್ನ ಕೇಳಬೇಕಲ್ಲ ದೊಡ್ಡವ್ವಾ, ನಿನ್ನನ್ನ ಯಾಕ?" ಎಂದಳು. ಇದಕ್ಕೆ ನನ್ನಲ್ಲಿ ಉತ್ತರವಿರಲಿಲ್ಲ.

ಆ ದಿನವೂ ಆಕೆ ಮಾಡಿದ್ದು ಅದನ್ನೇ. ತಾಯಿಯನ್ನು ನನ್ನ ಜೊತೆ ಕೆಳಗೆ ಚಹಾಕ್ಕೆ ಕಳಿಸಿದಳು. ಹುಡುಗಿಯನ್ನು ಒಬ್ಬಳನ್ನೇ ಕೇಳಿದಳು. ಬಣ್ಣ ತಿಳಿ ಮಾಡುವ ಕೆಲಸ ತಾನು ಯಾರಿಗೂ ಮಾಡುವುದಿಲ್ಲ, ಮುಖದ ಶೇಡ್ ಇದ್ದದ್ದೇ ಇರುತ್ತದೆ, ಉಳಿದದ್ದು ನೀನು ಹೇಳಿದಂತೆ ಎಂದಳಂತೆ. ಇದು ಆಕೆ ತನಗೆ ತಾನೇ ಹಾಕಿಕೊಂಡ ನಿಯಮ, ನಾನು ಕಲಿಸಿದ್ದಲ್ಲ. ಹುಡುಗಿ ಬಹಳ ಹೊತ್ತು ಸುಮ್ಮನಿದ್ದು, "ನಂಗ ಗೊತ್ತಾಗವಲ್ದು. ಎರಡೂ ತೆಗೀರಿ" ಎಂದಳು. ಮೂಗಿಗೆ ಪುಡಿ ಇಲ್ಲದ್ದು ಒಂದು, ಇದ್ದದ್ದು ಒಂದು. ನಾವು ಮೇಲೆ ಬಂದಾಗ ಎರಡೂ ಫೋಟೋ ಆಕೆಯ ಮೊಬೈಲಿನಲ್ಲಿದ್ದವು. ತಾಯಿ ಎರಡನೆಯದನ್ನು ನೋಡಿ "ಇದ ಚೊಲೊ ಬಂದೈತಿ" ಎಂದರು. ಹುಡುಗಿ ಮೊಬೈಲನ್ನು ತಾಯಿಯ ಕೈಗೆ ಕೊಡದೆ ಪರ್ಸಿನಲ್ಲಿ ಇಟ್ಟುಕೊಂಡಳು. ಯಾವುದನ್ನು ಕಳಿಸಿದಳೋ ನಮಗೆ ತಿಳಿಯಲಿಲ್ಲ.

ಅಷ್ಟು ಜನರ ಮುಂದೆ ಆಡಿದ ಮಾತಿಗೆ ಅಷ್ಟೇ ಜನರ ಮುಂದೆ ಕ್ಷಮೆ ಕೇಳಬೇಕು. ಅದಕ್ಕೆ ಇದನ್ನು ಬಳಗಕ್ಕೆ ಬರೆದೆ. ಈ ಭಾನುವಾರ ವಂದನೆಗೆ ಬರುತ್ತೇನೆಂದು ತಂಗಿಯ ಮಗಳು ಹೇಳಿದ್ದಾಳೆ. ನಾಲ್ಕನೆಯ ಶೀಲದ ಚರ್ಚೆಯನ್ನು ಮತ್ತೆ ತೆಗೆಯೋಣ. ಈ ಸಲ ಮೊದಲು ಆಕೆ ಮಾತಾಡಲಿ. ಎಲ್ಲರೂ ಬನ್ನಿ, ಮನೆಯ ಹುಡುಗಿಯರನ್ನೂ ಕರೆತನ್ನಿ.

ಭವತು ಸಬ್ಬ ಮಂಗಲಂ. ಜೈ ಭೀಮ್.