ಬೇಡ ಎನ್ನುವವರ ಹೊಣೆ

ಸಂಘದ ವಾರ್ಷಿಕ ಸಭೆ ಹೇಗಿರುತ್ತದೆಂದು ನಮಗೆಲ್ಲ ಗೊತ್ತು. ಆಯವ್ಯಯದ ಹಾಳೆ ಕೈಗೆ ಬಂದರೆ ಮಡಚಿ ಗಾಳಿ ಬೀಸಿಕೊಳ್ಳುತ್ತೇವೆ. ‘ಎಲ್ಲರ ಒಪ್ಪಿಗೆ ಇದೆಯಲ್ಲ?’ ಎಂದು ಕಾರ್ಯದರ್ಶಿಗಳು ಕೇಳಿದೊಡನೆ ಕೈಗಳು ತಾವಾಗಿ ಮೇಲೇಳುತ್ತವೆ. ಅಷ್ಟರಲ್ಲಿ ಹಿಂದಿನ ಸಾಲಿನಿಂದ ಯಾರೋ ಎದ್ದು, ‘ಇತರೆ ಖರ್ಚು ಅಂತ ಹಾಕಿದ್ದೀರಲ್ಲ, ಅದೇನು ಸ್ವಾಮಿ?’ ಎನ್ನುತ್ತಾರೆ. ಶುರುವಾಯಿತಪ್ಪ ಇವರದು, ಕಾಫಿ ಆರಿಹೋಯಿತು ಎಂದು ನಾವು ಗೊಣಗುತ್ತೇವೆ.

ನಾರ್ವೆಯ ಸಂಸತ್ತಿನಲ್ಲಿ ನಾಲ್ಕು ದಶಕಕ್ಕೂ ಮಿಕ್ಕಿ ಹೀಗೆ ಎದ್ದು ನಿಂತ ರೈತರೊಬ್ಬರಿದ್ದರು. ಹೆಸರು ಸೋರೆನ್ ಯೋಬೆಕ್. ಆ ದೇಶ ತನ್ನ ಸಂವಿಧಾನ ಬರೆದುಕೊಂಡ 1814ರಲ್ಲೇ, ದಕ್ಷಿಣದ ಮಂಡಾಲ್ ಪಟ್ಟಣದ ಸಮೀಪ ಹುಟ್ಟಿದವರು. ಹರೆಯದಲ್ಲಿ ಅವರು ಸಂಚಾರಿ ಶಾಲೆಯ ಮೇಷ್ಟ್ರು. ಆಗ ಅಲ್ಲಿನ ಹಳ್ಳಿಗಾಡಿನಲ್ಲಿ ಶಾಲೆಗೊಂದು ಕಟ್ಟಡ ಇರುತ್ತಿದ್ದುದು ಅಪರೂಪ. ಮೇಷ್ಟ್ರೇ ರೈತರ ಮನೆಯಿಂದ ಮನೆಗೆ ಹೋಗಿ, ಸುತ್ತಲಿನ ಮಕ್ಕಳನ್ನು ನಡುಮನೆಯಲ್ಲಿ ಕೂರಿಸಿಕೊಂಡು ಓದು ಕಲಿಸಿ, ಅಲ್ಲೇ ಉಂಡು ಮಲಗಿ, ಮುಂದಿನ ಮನೆಗೆ ಹೊರಡಬೇಕು. ಹೀಗೆ ಊರು ತಿರುಗುವವರಿಗೆ ಯಾರ ಒಲೆಯ ಮೇಲೆ ಏನು ಬೇಯುತ್ತಿದೆ, ತೆರಿಗೆ ಕಟ್ಟಿದ ಮೇಲೆ ಕಣಜದಲ್ಲಿ ಎಷ್ಟು ಉಳಿದಿದೆ ಎಂಬುದು ತಿಳಿಯದೆ ಇರದು.

1845ರಲ್ಲಿ ಅವರು ಸ್ಟೋರ್ಟಿಂಗ್ ಎಂಬ ಆ ಸಂಸತ್ತಿಗೆ ಆಯ್ಕೆಯಾದರು. ಅಧಿಕಾರಿಗಳ ಸಂಬಳವಿರಲಿ, ಪಿಂಚಣಿಯಿರಲಿ, ಖರ್ಚಿನ ಪ್ರಸ್ತಾಪ ಬಂದಾಗಲೆಲ್ಲ ಬೇಡವೆಂದರು. ‘ನೈ’ ಎಂದರೆ ಅವರ ಭಾಷೆಯಲ್ಲಿ ‘ಇಲ್ಲ’. ಜನ ಅವರಿಗೆ ‘ನೈಬೆಕ್’ ಎಂದೇ ಅಡ್ಡಹೆಸರಿಟ್ಟರು. ಅಷ್ಟಕ್ಕೇ ನಿಂತಿದ್ದರೆ ಚರಿತ್ರೆ ಅವರನ್ನು ಜಿಪುಣರ ಪಟ್ಟಿಗೆ ಸೇರಿಸಿ ಮರೆತುಬಿಡುತ್ತಿತ್ತು. 1865ರಲ್ಲಿ ಅವರು ‘ಫೋಲ್ಕೆಟಿಡೆಂಡೆ’ ಎಂಬ ಪತ್ರಿಕೆ ತೆಗೆದು ತಾವೇ ಸಂಪಾದಕರಾದರು. ಸಂಸತ್ತು ಸೇರುತ್ತಿದ್ದುದೇ ಮೂರು ವರ್ಷಕ್ಕೊಮ್ಮೆ. ತಮ್ಮ ಹಣ ಎಲ್ಲಿ ಹೋಗುತ್ತಿದೆ ಎಂದು ಹೊಲದಲ್ಲಿ ದುಡಿಯುವವರಿಗೆ ಹೇಳುವವರಾದರೂ ಯಾರು? ಆ ಕೆಲಸವನ್ನು ಪತ್ರಿಕೆ ಹೊತ್ತುಕೊಂಡಿತು. ಅದರ ಜೊತೆಗೇ ಅವರು ಕಟ್ಟಿದ ‘ರೈತಮಿತ್ರ’ ಸಂಘಗಳು ಊರೂರಿಗೆ ಹಬ್ಬಿ, ಸಾವಿರಾರು ಮಂದಿ ಸದಸ್ಯರಾದರು. ಮುಂದೆ ವಕೀಲ ಯೋಹಾನ್ ಸ್ವೆರ್ಡ್ರೂಪ್ ಅವರೊಡನೆ ರೈತರು ಕೈಜೋಡಿಸಿದರು. 1871ರಿಂದ ಸಂಸತ್ತು ವರ್ಷವರ್ಷವೂ ಸೇರತೊಡಗಿತು. 1884ರಲ್ಲಿ, ಸಂಸತ್ತಿನ ವಿಶ್ವಾಸವಿಲ್ಲದ ಮಂತ್ರಿಮಂಡಲ ಉಳಿಯಲಾರದು ಎಂಬ ನಿಯಮ ನೆಲೆಗೊಂಡಿತು. ಸಂಪಾದಕ ಯೋಬೆಕ್ ಇದನ್ನೆಲ್ಲ ಕಣ್ಣಾರೆ ಕಂಡು 1894ರಲ್ಲಿ ತೀರಿಕೊಂಡರು.

ಅವರ ಪ್ರತಿಯೊಂದು ‘ಬೇಡ’ವೂ ಸರಿಯಾಗಿತ್ತು ಎನ್ನಬೇಕಾಗಿಲ್ಲ. ಇಂದು ಭಾರವೆನಿಸಿ ಹತ್ತು ವರ್ಷದ ಮೇಲೆ ಫಲ ಕೊಡುವ ಖರ್ಚುಗಳೂ ಉಂಟು. ನಾವು ಕಲಿಯಬೇಕಾದದ್ದು ಬೇಡವೆಂದ ಮೇಲೆ ಅವರು ಪಟ್ಟ ಶ್ರಮವನ್ನು. ಮನೆಯಲ್ಲಿ ಮಗ ಹೊಸ ಮೊಬೈಲ್ ಕೇಳುತ್ತಾನೆ. ‘ಬೇಡ ಅಂದ್ರೆ ಬೇಡ’ ಎಂದುಬಿಟ್ಟರೆ ಅಲ್ಲಿಗೆ ನಮ್ಮ ಕೆಲಸ ಮುಗಿಯಿತು, ಅವನ ಮುನಿಸು ಮಾತ್ರ ಉಳಿಯಿತು. ತಿಂಗಳ ಸಂಬಳ, ಬಾಡಿಗೆ, ಶಾಲೆಯ ಫೀಸು, ಅಜ್ಜಿಯ ಔಷಧಿ, ಇಷ್ಟನ್ನೂ ಒಂದು ಚೀಟಿಯಲ್ಲಿ ಬರೆದು ಅವನ ಮುಂದಿಡುವುದಕ್ಕೆ ಹತ್ತು ನಿಮಿಷ ಸಾಕು. ಲೆಕ್ಕ ತೋರಿಸುವುದೆಂದರೆ ಎದುರಿಗಿರುವವರಿಗೆ ವಿವೇಕವಿದೆ ಎಂದು ನಂಬುವುದು. ಇದರಲ್ಲೊಂದು ಅಪಾಯವೂ ಇದೆ: ಮುಂದಿನ ತಿಂಗಳು ಅದೇ ಮಗ ಚೀಟಿ ಹಿಡಿದು, ‘ಅಪ್ಪಾ, ನಿಮ್ಮ ಈ ಖರ್ಚು ಯಾತಕ್ಕೆ?’ ಎಂದು ಕೇಳಿಯಾನು. ಆಗ ಉತ್ತರ ಕೊಡುವಂತೆ ಬದುಕಿರಬೇಕು, ಅಷ್ಟೆ.