ಗಾಜಿನ ಹಿಂದಿನ ಮುಡಿ

ನನ್ನ ತಾಯಿ ತೀರಿಕೊಂಡ ಕೆಲವು ದಿನಗಳ ಮೇಲೆ ನನ್ನ ಹೆಂಡತಿ ಅವರ ಬಾಚಣಿಗೆಯನ್ನು ತಂದು ನನ್ನ ಮುಂದೆ ಇಟ್ಟಳು. ಹಲ್ಲುಗಳ ನಡುವೆ ನಾಲ್ಕು ಬಿಳಿಯ ಕೂದಲು ಸಿಕ್ಕಿಕೊಂಡಿದ್ದವು. ಬದುಕಿದ್ದಾಗ ಅಮ್ಮ ಉದುರಿದ ಕೂದಲನ್ನು ಸುರುಳಿ ಸುತ್ತಿ ತಾವೇ ಹೊರಗೆ ಹಾಕಿ ಬರುತ್ತಿದ್ದರು. ಒಳಗೆ ಒಂದು ಎಳೆ ಕಂಡರೂ ಮನೆಯ ಹೆಣ್ಣುಮಕ್ಕಳಿಗೆ ಬೈಗುಳ ತಪ್ಪುತ್ತಿರಲಿಲ್ಲ. ಅಂಥ ಕೂದಲನ್ನೇ ಈಗ ಎಸೆಯಲು ನಮ್ಮಿಬ್ಬರಿಗೂ ಕೈ ಬರಲಿಲ್ಲ. ಬಾಚಣಿಗೆಯನ್ನು ಕಾಗದದಲ್ಲಿ ಸುತ್ತಿ ಪೆಟ್ಟಿಗೆಯಲ್ಲಿಟ್ಟೆ.

ಆಷ್‌ವಿಟ್ಸ್ ಸೆರೆಶಿಬಿರದ ವಿಷಯ ಓದುತ್ತಿದ್ದಾಗ ಆ ಬಾಚಣಿಗೆ ಮತ್ತೆ ನೆನಪಾಯಿತು. ಎರಡನೆಯ ಮಹಾಯುದ್ಧದಲ್ಲಿ ಜರ್ಮನಿಯ ನಾಜಿಗಳು ತಾವು ಗೆದ್ದುಕೊಂಡ ಪೋಲೆಂಡಿನ ನೆಲದಲ್ಲಿ 1940ರಲ್ಲಿ ತೆರೆದ ಶಿಬಿರ ಅದು. ಅಲ್ಲಿ ಸುಮಾರು 11 ಲಕ್ಷ ಜನರ ಪ್ರಾಣ ಹೋಯಿತು. ಅವರಲ್ಲಿ ಸುಮಾರು 10 ಲಕ್ಷ ಮಂದಿ ಯೆಹೂದ್ಯರು. 1945ರ ಜನವರಿ 27ರಂದು ಸೋವಿಯತ್ ಸೈನ್ಯ ಅಲ್ಲಿಗೆ ಬಂದಾಗ, ಉಳಿದಿದ್ದ ಸುಮಾರು 7,000 ಕೈದಿಗಳ ಜೊತೆಗೆ ಇನ್ನೊಂದು ವಸ್ತುವೂ ಕಣ್ಣಿಗೆ ಬಿತ್ತು: ಮೂಟೆ ಕಟ್ಟಿಟ್ಟ ಸುಮಾರು 7 ಟನ್ ಕೂದಲು. ವಿಷಾನಿಲದಿಂದ ಕೊಂದ ಹೆಂಗಸರ ತಲೆಯಿಂದ ಕತ್ತರಿಸಿದ್ದೇ ಅದರಲ್ಲಿ ಹೆಚ್ಚು. ಕತ್ತರಿಸುವ ಕೆಲಸವನ್ನೂ ಕೈದಿಗಳಿಂದಲೇ ಮಾಡಿಸಿದ್ದರು. ಕೈದಿಗಳ ಕೂದಲು ವ್ಯರ್ಥವಾಗಕೂಡದು, ಜಲಾಂತರ್ಗಾಮಿಗಳ ನಾವಿಕರಿಗೆ ಕಾಲುಚೀಲಕ್ಕಾದೀತು ಎಂದು 1942ರ ಆಗಸ್ಟಿನಲ್ಲೇ ಆಜ್ಞೆ ಹೊರಟಿತ್ತು. ಕಿಲೋಗ್ರಾಂ ಒಂದಕ್ಕೆ ಅರ್ಧ ಮಾರ್ಕಿನಂತೆ ಗಿರಣಿಗಳಿಗೆ ಮಾರಿದರು. ದ್ವೇಷದಿಂದ ಕೊಲ್ಲುವವನನ್ನು ನಮ್ಮ ಪುರಾಣಗಳು ಬಲ್ಲವು. ಕೊಂದು, ತೂಗಿ, ಲೆಕ್ಕ ಬರೆದಿಡುವವನನ್ನು ಅವು ಕಂಡಿರಲಿಲ್ಲ.

1947ರಲ್ಲಿ ಆ ಶಿಬಿರವನ್ನೇ ವಸ್ತುಸಂಗ್ರಹಾಲಯ ಮಾಡಿದರು. ಸುಮಾರು 2 ಟನ್ ಕೂದಲು ಇಂದಿಗೂ ಅಲ್ಲಿ ಗಾಜಿನ ಹಿಂದೆ ಇದೆ. ನೋಡಲು ಬಂದವರು ಆ ಕೋಣೆಯಲ್ಲಿ ಚಿತ್ರ ತೆಗೆಯುವಂತಿಲ್ಲ.

ಅದನ್ನು ಇಡಬೇಕೇ, ಮಣ್ಣು ಮಾಡಬೇಕೇ? ಇಡಬೇಕೆನ್ನುವವರ ಮಾತು ಹಗುರವಲ್ಲ. ಕ್ರಾಕೋ ನಗರದ ತಜ್ಞರು ಆ ಕೂದಲನ್ನು ಪರೀಕ್ಷಿಸಿ ಸಯನೈಡ್ ವಿಷದ ಗುರುತು ಕಂಡರು. ಹೀಗೆ ನಡೆಯಲೇ ಇಲ್ಲ ಎಂದು ವಾದಿಸುವವರು ಈಗಲೂ ಇದ್ದಾರೆ; ಅಂಥವರ ಮುಂದೆ ಇದಕ್ಕಿಂತ ದೊಡ್ಡ ಸಾಕ್ಷಿ ಯಾವುದು? ಆದರೆ ಇನ್ನೊಂದು ಕಡೆಯವರ ಮಾತನ್ನೂ ಕೇಳಬೇಕು. ವಾಷಿಂಗ್ಟನ್ನಿನಲ್ಲಿ 1993ರಲ್ಲಿ ತೆರೆದ ಸ್ಮಾರಕ ಸಂಗ್ರಹಾಲಯದಲ್ಲಿಯೂ ಇಂಥ ಕೂದಲನ್ನು ಇಡುವ ಯೋಚನೆಯಿತ್ತು. ಅದು ನನ್ನ ತಾಯಿಯ ಕೂದಲೂ ಆಗಿರಬಹುದಲ್ಲ ಎಂಬ ಕಳವಳ ಬದುಕುಳಿದವರಿಂದ ಬಂತು. ಕೊನೆಗೆ ಅಲ್ಲಿ ಇಟ್ಟದ್ದು ಒಂದು ಭಾವಚಿತ್ರವನ್ನು ಮಾತ್ರ.

ಕನ್ನಡ ಪಾಠ ಹೇಳುವವನಿಗೆ ಇಲ್ಲಿ ದ್ರೌಪದಿ ನೆನಪಾಗದಿರಳು. ಅವಳ ಬಿಚ್ಚಿದ ಮುಡಿಯೂ ಒಂದು ಸಾಕ್ಷಿಯೇ. ಸಭೆಯಲ್ಲಿ ನಡೆದದ್ದನ್ನು ಮರೆಯಲು ಅದು ಯಾರನ್ನೂ ಬಿಡಲಿಲ್ಲ. ಪಂಪನ ಭೀಮ ದುಶ್ಶಾಸನನನ್ನು ಕೊಂದು ಆ ಮುಡಿಯನ್ನು ಕಟ್ಟುತ್ತಾನೆ. ಲೆಕ್ಕ ತೀರುತ್ತದೆ. ಆಷ್‌ವಿಟ್ಸ್‌ನ ಅಧಿಕಾರಿಯಾಗಿದ್ದ ರುಡಾಲ್ಫ್ ಹ್ಯೋಸ್‌ನನ್ನೂ 1947ರ ಏಪ್ರಿಲ್‌ನಲ್ಲಿ ಅದೇ ಶಿಬಿರದಲ್ಲಿ ಗಲ್ಲಿಗೇರಿಸಿದರು. ನ್ಯಾಯವೇ ಆಯಿತು. ಆದರೆ ಯಾರ ಮುಡಿ ಕಟ್ಟಿದಂತಾಯಿತು? ಕಟ್ಟಿಸಿಕೊಳ್ಳುವವಳು ಅಲ್ಲಿ ಉಳಿದಿರಲಿಲ್ಲ.

ಆ ಸಂಗ್ರಹಾಲಯದವರು ಹಿಡಿದ ದಾರಿ ನನಗೆ ಒಪ್ಪಿಗೆಯಾಗಿದೆ. ಅಲ್ಲಿ ಸತ್ತವರ ಪಾದರಕ್ಷೆಗಳು ಲಕ್ಷಕ್ಕೂ ಮೇಲಿವೆ. ಅವನ್ನು, ಅದರಲ್ಲೂ ಮಕ್ಕಳವನ್ನು, ಒಂದೊಂದಾಗಿ ಶುಚಿಮಾಡಿ ಕಾಪಾಡುತ್ತಾರೆ. ಕೂದಲಿಗೆ ಮಾತ್ರ ಯಾವ ಉಪಚಾರವನ್ನೂ ಮಾಡುವುದಿಲ್ಲ. ಅದು ವಸ್ತುವಲ್ಲ, ದೇಹದ ಭಾಗ; ತಾನಾಗಿ ಪುಡಿಯಾಗಲಿ ಎಂದು ಬಿಟ್ಟಿದ್ದಾರೆ. ಅದರ ಬಣ್ಣ ಆಗಲೇ ಮಾಸಿದೆ.

ಸಾಕ್ಷಿ ಹಾಳಾಗುತ್ತದಲ್ಲ ಎಂದರೆ, ಹೌದು, ಹಾಳಾಗುತ್ತದೆ. ಸುಳ್ಳು ಹೇಳುವವನಿಗೆ ಇದರಿಂದ ಅಷ್ಟು ಧೈರ್ಯ ಬಂದರೂ ಬಂದೀತು. ಆದರೆ ಆ ಹೆಂಗಸರನ್ನು ಕೊಂದವರು ಸತ್ತ ಮೇಲೂ ಅವರಿಂದ ಪ್ರಯೋಜನ ಪಡೆದರು. ನಾವು ಒಳ್ಳೆಯ ಉದ್ದೇಶದಿಂದಲೇ ಆದರೂ, ಸಾಕ್ಷಿ ನುಡಿಯುವ ಕೆಲಸವನ್ನು ಇನ್ನೆಷ್ಟು ಕಾಲ ಅವರಿಂದಲೇ ಮಾಡಿಸುವುದು? ಕಾಗದಪತ್ರಗಳಿವೆ, ನ್ಯಾಯಾಲಯದ ದಾಖಲೆಗಳಿವೆ, ಬದುಕಿ ಬಂದವರು ಬರೆದಿಟ್ಟ ಪುಸ್ತಕಗಳಿವೆ. ಅವನ್ನು ಓದುವುದು, ಓದಿದ್ದನ್ನು ಇನ್ನೊಬ್ಬರಿಗೆ ಹೇಳುವುದು ಬದುಕಿರುವವರ ಕೆಲಸ. ಅದನ್ನು ನಾವು ಮಾಡದೆಹೋದರೆ, 2 ಟನ್ ಕೂದಲು ಗಾಜಿನ ಹಿಂದೆ ಇದ್ದೂ ಏನು ಪ್ರಯೋಜನ?

ಹೋದ ವಾರ ಪೆಟ್ಟಿಗೆ ತೆಗೆದು ಅಮ್ಮನ ನಾಲ್ಕು ಕೂದಲನ್ನು ಹಿತ್ತಲಿನ ಪಾರಿಜಾತದ ಬುಡದಲ್ಲಿ ಮಣ್ಣು ಮಾಡಿದೆ. ನಾನು ಮಗ, ನನಗೆ ಆ ಅಧಿಕಾರವಿತ್ತು. ಅಲ್ಲಿ ಎಷ್ಟೋ ಮುಡಿಗಳಿಗೆ ಮಕ್ಕಳೂ ಉಳಿಯಲಿಲ್ಲ, ಮನೆಯೂ ಉಳಿಯಲಿಲ್ಲ. ಮಣ್ಣು ಮಾಡಿ ಎನ್ನಲು ಯಾರೂ ಇಲ್ಲ. ಅದಕ್ಕೇ ಅವು ಇನ್ನೂ ಅಲ್ಲಿವೆ. ಕಾಲವೇ ಆ ಕೆಲಸವನ್ನು ನಿಧಾನವಾಗಿ ಮಾಡುತ್ತಿದೆ.