ವ್ರತಿಯ ಆಹಾರವೂ ಸಾಕ್ಷ್ಯಚಿತ್ರವೂ

ಒಂದು ಸಮಾಜವನ್ನು ಅರಿಯಬೇಕಾದರೆ ಅದರ ಅಡುಗೆಮನೆಯನ್ನು ನೋಡಬೇಕೆಂಬ ಭಾವನೆಯಿಂದ ಊಟ, ಆಚಾರ, ಜನಜೀವನಗಳನ್ನು ಕುರಿತ ಸಾಕ್ಷ್ಯಚಿತ್ರಗಳು ಈಗ ಹೇರಳವಾಗಿ ತಯಾರಾಗುತ್ತಿವೆ. ಅಂಥದೊಂದು ತಂಡವು ಕೊರಟಗೆರೆ ತಾಲ್ಲೂಕಿನ ತೋವಿನಕೆರೆಗೆ ಬಂದಿತೆನ್ನೋಣ. ರಾಗಿಮುದ್ದೆ, ಅವರೆಕಾಳಿನ ಸಾರು, ಹಲಸು ಆ ಸೀಮೆಯ ಎಲ್ಲರಿಗೂ ಸಮಾನವಾದುವು. ಶ್ರಾವಕನ ಮನೆಯಲ್ಲಿ ವಿಶೇಷವಾಗಿ ಕಾಣತಕ್ಕದ್ದು ಅಡುಗೆಯ ಹಿಂದಿರುವ ಎಚ್ಚರ. ಅವರೆಕಾಯಿ ಸುಲಿಯುವಾಗ ಹುಳುವಿದೆಯೇ ಎಂದು ನೋಡುವುದು, ನೀರನ್ನು ಸೋಸಿ ಬಟ್ಟೆಯಲ್ಲುಳಿದ ಜೀವಿಗಳನ್ನು ಅದೇ ಬಾವಿಗೆ ಬಿಡುವುದು, ಸೂರ್ಯಾಸ್ತಕ್ಕೆ ಮುನ್ನ ಊಟ ಮುಗಿಸುವುದು ಇವೇ ಆ ಎಚ್ಚರದ ರೂಪಗಳು. ಇವುಗಳನ್ನು ಚಿತ್ರಿಸಲು ಬಿಡುವುದು ಉಚಿತವೇ?

ಉಚಿತವೆನ್ನುವವರಿಗೆ ಆಧಾರವಿದೆ. ಸಮ್ಯಗ್ದರ್ಶನದ ಎಂಟು ಅಂಗಗಳಲ್ಲಿ ಪ್ರಭಾವನೆಯೂ ಒಂದು. ನೋಡಿದವರಲ್ಲಿ ಒಬ್ಬನಾದರೂ ರಾತ್ರಿಭೋಜನವನ್ನು ತ್ಯಜಿಸಿದರೆ ಅದು ಸಣ್ಣ ಲಾಭವಲ್ಲ.

ಆದರೆ ಸಾಧನದ ಶುದ್ಧಿಯನ್ನೂ ವಿಚಾರಿಸಬೇಕು. ಫಿಲ್ಮ್ ಸುರುಳಿಗಳ ಕಾಲದಲ್ಲಿ ಬೆಳ್ಳಿಯ ಲವಣಗಳನ್ನು ಸುರುಳಿಗೆ ಲೇಪಿಸುತ್ತಿದ್ದುದು ಪ್ರಾಣಿಗಳ ಮೂಳೆ, ಚರ್ಮಗಳಿಂದ ತೆಗೆದ ಜೆಲಟಿನ್‌ನಲ್ಲಿ. ಅಹಿಂಸೆಯ ಅಡುಗೆಯನ್ನು ತೋರಿಸಿದ ಚಿತ್ರಕ್ಕೂ ಆ ಲೇಪ ತಪ್ಪಿರಲಿಲ್ಲ. ಡಿಜಿಟಲ್ ಯಂತ್ರಗಳು ಬಂದು ಆ ದೋಷ ಬಹುಮಟ್ಟಿಗೆ ನೀಗಿದೆ. ಆದರೆ ಸಂಜೆಯ ಚಿತ್ರಣಕ್ಕೆ ಹೊತ್ತಿಸುವ ಪ್ರಖರ ದೀಪಕ್ಕೆ ಮುತ್ತಿ ಸಾಯುವ ಹುಳುಗಳ ಹಿಂಸೆ ಹಾಗೆಯೇ ಉಳಿದಿದೆ. ಕೃತ, ಕಾರಿತ, ಅನುಮೋದನ ಈ ಮೂರರಿಂದಲೂ ಹಿಂಸೆಯ ದೋಷ ತಗಲುವುದರಿಂದ, ಒಪ್ಪಿ ಕುಳಿತ ಗೃಹಸ್ಥನೂ ಅದಕ್ಕೆ ಭಾಗಿಯೇ.

ಇದಕ್ಕಿಂತ ಸೂಕ್ಷ್ಮವಾದ ದೋಷ ಒಳಗಿನದು. ದಿಗಂಬರ ಮುನಿಗಳು ದಿನಕ್ಕೊಮ್ಮೆ, ನಿಂತು, ಅಂಗೈಯಲ್ಲಿ ಆಹಾರ ಸ್ವೀಕರಿಸುವರು. ತಮಗಾಗಿಯೇ ಮಾಡಿದ ಉದ್ದಿಷ್ಟ ಆಹಾರ ಅವರಿಗೆ ನಿಷಿದ್ಧ. ತುತ್ತಿನಲ್ಲಿ ಕೂದಲು ಕಂಡರೆ ಅಂತರಾಯ. ಅಂದಿನ ಆಹಾರ ಅಲ್ಲಿಗೇ ಮುಗಿಯಿತು. ಇಂಥ ಕ್ರಿಯೆಯಲ್ಲಿ 'ಇನ್ನೊಮ್ಮೆ' ಎಂಬುದಕ್ಕೆ ಎಡೆಯೆಲ್ಲಿ? ಚಿತ್ರಕಾರನಿಗೋ ಆ ಮಾತು ಸಹಜ. ಅವನ ಕೋರಿಕೆಯಂತೆ ಶ್ರಾವಕನು ಪಾರಣೆಯನ್ನು ಎರಡನೆಯ ಸಲ ನಟಿಸಿ ತೋರಿಸಿದರೆ ಅದು ಕ್ಯಾಮೆರಾಕ್ಕೆ ಉದ್ದಿಷ್ಟವಾದ ಪಾರಣೆಯಾಗುತ್ತದೆ. ಶಲ್ಯವಿಲ್ಲದವನೇ ವ್ರತಿಯೆಂದು ಉಮಾಸ್ವಾಮಿಗಳು ತತ್ತ್ವಾರ್ಥಸೂತ್ರದಲ್ಲಿ ನಿರ್ಣಯಿಸಿರುವರು. ಮಾಯೆ, ಮಿಥ್ಯಾತ್ವ, ನಿದಾನಗಳೆಂಬ ಮೂರು ಶಲ್ಯಗಳಲ್ಲಿ ನಟನೆಯಿಂದ ಮಾಯೆಯೂ, ಕೀರ್ತಿಯ ಬಯಕೆಯಿಂದ ನಿದಾನವೂ ಒಳಹೊಕ್ಕವು.

ಹಾಗೆಂದು ಯಂತ್ರವನ್ನೇ ದೂರಮಾಡಬೇಕೆಂದಲ್ಲ. ಬೆಳಗಾವಿ ಸೀಮೆಯಲ್ಲಿ ಜನಿಸಿದ ಆಚಾರ್ಯ ಶಾಂತಿಸಾಗರ ಮಹಾರಾಜರು 1955ರಲ್ಲಿ ಕುಂಥಲಗಿರಿಯಲ್ಲಿ 36 ದಿನಗಳ ಸಲ್ಲೇಖನವನ್ನು ಸ್ವೀಕರಿಸಿದಾಗ, 26ನೆಯ ದಿನ ಅವರು ಮರಾಠಿಯಲ್ಲಿ ಕೊಟ್ಟ ಅಂತಿಮ ಉಪದೇಶವನ್ನು ಭಕ್ತರು ಧ್ವನಿಮುದ್ರಿಸಿಕೊಂಡರು. ಆ ವಾಣಿ ಇಂದಿಗೂ ಕೇಳಲು ದೊರೆಯುತ್ತದೆ. ಸಲ್ಲೇಖನವು ಯಂತ್ರಕ್ಕಾಗಿ ನಡೆದುದಲ್ಲ. ನಡೆಯುತ್ತಿದ್ದ ಸಲ್ಲೇಖನದ ಬಳಿಗೆ ಯಂತ್ರ ಬಂದಿತು.

ಆದುದರಿಂದ ಶ್ರಾವಕರು ತಂಡವನ್ನು ಬಾಗಿಲಲ್ಲೇ ತಡೆಯಬೇಕಾಗಿಲ್ಲ. ಹಗಲಿನ ಬೆಳಕಿನಲ್ಲಿಯೇ ಚಿತ್ರಿಸಲಿ. ಪೂಜೆ, ಪಾರಣೆಗಳ ವೇಳೆ ಅವರಿಗಾಗಿ ಸರಿಯದಿರಲಿ. ಒಮ್ಮೆ ಆದುದನ್ನು ಮತ್ತೆ ಮಾಡಿ ತೋರಿಸುವುದು ಬೇಡ. ಈ ಮೂರು ಕಟ್ಟಳೆಗಳನ್ನು ಮೊದಲೇ ತಿಳಿಸುವುದು ವಿವೇಕ. ದೃಶ್ಯವೊಂದು ಕೈತಪ್ಪಿದರೆ ಚಿತ್ರಕ್ಕೆ ಕೊರತೆಯಾದೀತು, ವ್ರತಕ್ಕೆ ಆಗಲಾರದು.